ದಾನಕ್ಕೂ ಡೊನೇಷನ್ನಿಗೂ ನಡುವೆ

ಕನ್ನಡದಲ್ಲಿ ‘ಡೊನೇಷನ್’ ಎಂದರೆ ದಾನವಲ್ಲ. ಏಪ್ರಿಲ್-ಮೇ ತಿಂಗಳಲ್ಲಿ ಯಾರಾದರೂ ‘ಆ ಸ್ಕೂಲಲ್ಲಿ ಡೊನೇಷನ್ ಎಷ್ಟಂತೆ?’ ಎಂದು ಕೇಳಿದರೆ, ಈ ಮನುಷ್ಯನಿಗೆ ಶಾಲೆಗೆ ಏನಾದರೂ ಕೊಡುವ ಮನಸ್ಸಾಗಿದೆ ಎಂದು ಯಾರೂ ತಿಳಿಯುವುದಿಲ್ಲ. ಸೀಟು ಬೇಕಾದರೆ ಫೀಸಿನ ಮೇಲೆ ಇನ್ನೆಷ್ಟು ಎಣಿಸಬೇಕು, ಅದಕ್ಕೆ ರಸೀದಿ ಹರಿದುಕೊಡುತ್ತಾರೋ ಇಲ್ಲವೋ ಎನ್ನುವುದೇ ಪ್ರಶ್ನೆಯ ಅರ್ಥ. ಅದೇ ಶಾಲೆಯ ಬಾಗಿಲ ಪಕ್ಕ ಕರಿಕಲ್ಲಿನ ಫಲಕವೊಂದಿರುತ್ತದೆ. ಮೇಲೆ ‘ದಾನಿಗಳು’ ಎಂಬ ತಲೆಬರಹ, ಕೆಳಗೆ ಹೆಸರು, ಊರು, ಮೊತ್ತ. ಒಂದೇ ಕಟ್ಟಡದೊಳಗೆ ದಾನವೂ ಇದೆ, ಡೊನೇಷನ್ನೂ ಇದೆ. ಒಂದನ್ನು ಕಲ್ಲಿನಲ್ಲಿ ಕೆತ್ತಿಸಿದ್ದಾರೆ, ಇನ್ನೊಂದನ್ನು ಕಾಗದದ ಮೇಲೂ ಬರೆಯುವುದಿಲ್ಲ.

ಒಂದು ಪದ ಹೀಗೆ ತನ್ನ ಅರ್ಥಕ್ಕೇ ಬೆನ್ನು ಹಾಕಿ ಕೂತದ್ದು ಹೇಗೆ? ಈ ಗಂಟನ್ನು ಬಿಡಿಸುತ್ತ ಹೋದರೆ, ಉಳ್ಳವರು ಕೊಟ್ಟ ದುಡ್ಡು ಓದಿನ ಲೋಕದಲ್ಲಿ ಏನು ಮಾಡಬಲ್ಲದು, ಏನು ಮಾಡಲಾರದು ಎಂಬುದೂ ಸಾಕಷ್ಟು ತಿಳಿಯಾಗುತ್ತದೆ. ನನಗೆ ಕಾಣುವುದು ಇಷ್ಟು: ನಮ್ಮಲ್ಲಿ ಬಾಳಿದ ವಿದ್ಯಾಸಂಸ್ಥೆಗಳೆಲ್ಲ ಮೂರು ಕಲ್ಲಿನ ಒಲೆಗಳು. ಕೊಡುವವರು ಒಂದು ಕಲ್ಲು, ಮೈಮುರಿದು ನಡೆಸುವವರು ಇನ್ನೊಂದು, ಸರ್ಕಾರ ಮೂರನೆಯದು. ಫಲಕದಲ್ಲಿ ದಾನಿಯ ಹೆಸರು ಮಾತ್ರ ಇರುವುದರಿಂದ ಉಳಿದೆರಡು ಕಲ್ಲು ಕಣ್ಣಿಗೆ ಬೀಳುವುದಿಲ್ಲ. ಯಾವುದಾದರೊಂದು ಸರಿದು ಪಾತ್ರೆ ವಾಲಿದಾಗ ಗೊತ್ತಾಗುತ್ತದೆ.

ಶಾಪವೇ ಆಡಿಟ್ ಆಗಿದ್ದಾಗ

ವಿಜಯಪುರ ಜಿಲ್ಲೆಯ ಇಂಡಿ ತಾಲ್ಲೂಕಿನ ಸಾಲೋಟಗಿಯಲ್ಲಿ ಕ್ರಿ.ಶ. 945ರ ಒಂದು ಶಾಸನವಿದೆ. ರಾಷ್ಟ್ರಕೂಟ ಮೂರನೆಯ ಕೃಷ್ಣನ ಕಾಲದ್ದು. ಅವನ ಮಂತ್ರಿ ನಾರಾಯಣ ಎಂಬಾತ ಅಲ್ಲೊಂದು ವಿದ್ಯಾಶಾಲೆ ಕಟ್ಟಿಸಿದ್ದ. ಅದು ನಡೆಯಲು ಭೂಮಿ, ದೀಪ ಉರಿಸುವ ಖರ್ಚಿಗೆ ಬೇರೆ ಭೂಮಿ, ದೂರದಿಂದ ಬಂದ ವಿದ್ಯಾರ್ಥಿಗಳು ಉಳಿಯಲು 27 ಮನೆ. ನನಗೆ ಹೆಚ್ಚು ಕುತೂಹಲ ಹುಟ್ಟಿಸುವುದು ಮುಂದಿನ ಮಾತು: ಊರಲ್ಲಿ ಮದುವೆ, ಮುಂಜಿ, ಚೌಲ ನಡೆದಾಗಲೆಲ್ಲ ಮನೆಯವರು ಶಾಲೆಗೆ ಇಂತಿಷ್ಟು ಕೊಡಬೇಕು. ಅಂದರೆ ದೊಡ್ಡ ಮನುಷ್ಯನ ದತ್ತಿಯ ಜೊತೆಗೇ ಊರವರ ವಂತಿಗೆ. ದತ್ತಿ ಒಬ್ಬರು ಕೊಟ್ಟು ಕೈ ತೊಳೆದುಕೊಳ್ಳುವಂಥದು, ವಂತಿಗೆ ಎಲ್ಲರೂ ಹಾಕುವ ಪಾಲು. ಎರಡಕ್ಕೂ ಬೇರೆಬೇರೆ ಪದ ಇಟ್ಟುಕೊಂಡಿರುವ ಭಾಷೆ ನಮ್ಮದು.

ಈ ದತ್ತಿಗಳನ್ನು ಕಾಯುವವರು ಯಾರು? ದಾನಶಾಸನಗಳ ಕೊನೆಯ ಸಾಲು ಓದಿದವರಿಗೆ ಗೊತ್ತು. ಇದನ್ನು ಅಳಿದವನು ವಾರಣಾಸಿಯಲ್ಲಿ ಕವಿಲೆಯನ್ನು, ಅಂದರೆ ಕಪಿಲೆ ಹಸುವನ್ನು, ಕೊಂದ ಪಾಪಕ್ಕೆ ಹೋಗುತ್ತಾನೆ, ಅರವತ್ತು ಸಾವಿರ ವರ್ಷ ಅಮೇಧ್ಯದ ಹುಳುವಾಗಿ ಬಿದ್ದಿರುತ್ತಾನೆ. ಚಾರ್ಟರ್ಡ್ ಅಕೌಂಟೆಂಟರಿಲ್ಲದ ಕಾಲದಲ್ಲಿ ಇದಕ್ಕಿಂತ ಗಟ್ಟಿಯಾದ ಲೆಕ್ಕಪರಿಶೋಧನೆ ಇನ್ನೇನಿತ್ತು? ನಗಬಹುದು, ಆದರೆ ಆ ಶಾಪದಲ್ಲಿ ಒಂದು ತಿಳಿವಳಿಕೆಯಿದೆ. ಕೊಟ್ಟವನು ಸಾಯುತ್ತಾನೆ, ಕೊಟ್ಟದ್ದು ಉಳಿಯುತ್ತದೆ. ನಡುವೆ ಅದನ್ನು ನುಂಗುವವರು ಬಂದೇ ಬರುತ್ತಾರೆ.

ಇನ್ನೊಂದು ಮಾತನ್ನೂ ಮುಚ್ಚಿಡಬಾರದು. ಆ 27 ಮನೆಗಳಲ್ಲಿ ಯಾರ ಮಕ್ಕಳು ಇದ್ದರು? ವೇದಾಧ್ಯಯನದ ಅಧಿಕಾರ ಇದ್ದವರ ಮಕ್ಕಳು. ದಾನ ಹಿಂದಿನಿಂದಲೂ ಬಾಗಿಲು ತೆರೆದಿದೆ, ಯಾರಿಗೆ ಎಂದು ಕೇಳಿಯೇ ತೆರೆದಿದೆ. ಈ ಪ್ರಶ್ನೆ ಇಪ್ಪತ್ತನೆಯ ಶತಮಾನಕ್ಕೂ ನಮ್ಮ ಬೆನ್ನು ಬಿಡಲಿಲ್ಲ.

ಹೆಸರಿಲ್ಲದ ಟಾಟಾ

ಬೆಂಗಳೂರಿನ ಹಳಬರು ಭಾರತೀಯ ವಿಜ್ಞಾನ ಸಂಸ್ಥೆಯನ್ನು ಇಂದಿಗೂ ‘ಟಾಟಾ ಇನ್‌ಸ್ಟಿಟ್ಯೂಟ್’ ಅನ್ನುತ್ತಾರೆ. ಬಸ್ ನಿಲ್ದಾಣಕ್ಕೂ ಅದೇ ಹೆಸರು. ಸಂಸ್ಥೆಯ ಅಧಿಕೃತ ಹೆಸರಲ್ಲಿ ಮಾತ್ರ ಟಾಟಾ ಇಲ್ಲ.

ಜಮ್‌ಶೆಟ್‌ಜಿ ಟಾಟಾ ಇಂಥದೊಂದು ಸಂಶೋಧನಾ ಸಂಸ್ಥೆಯ ಮಾತೆತ್ತಿದ್ದು 1890ರ ದಶಕದಲ್ಲಿ. 1898ರ ನವೆಂಬರಿನಲ್ಲಿ ಸ್ವಾಮಿ ವಿವೇಕಾನಂದರಿಗೂ ಈ ಬಗ್ಗೆ ಪತ್ರ ಬರೆದಿದ್ದರು. ಮುಂಬಯಿಯಲ್ಲಿದ್ದ ತಮ್ಮ ಆಸ್ತಿಯಲ್ಲಿ ಆ ಕಾಲಕ್ಕೆ 30 ಲಕ್ಷ ರೂಪಾಯಿ ಬೆಲೆಯದನ್ನು ಬಿಟ್ಟುಕೊಡಲು ಮುಂದಾದರು. ಅದರಿಂದ ವರ್ಷಕ್ಕೆ ಸುಮಾರು ಒಂದೂಕಾಲು ಲಕ್ಷ ಆದಾಯ ಬರಬಹುದೆಂಬ ಅಂದಾಜು. ಇಷ್ಟು ದುಡ್ಡಿದ್ದೂ ಸಂಸ್ಥೆ ಏಳಲಿಲ್ಲ. ವೈಸರಾಯ್ ಕರ್ಜನ್‌ಗೆ ಅನುಮಾನ: ಇಷ್ಟು ಮೇಲಿನ ಓದಿಗೆ ಹುಡುಗರು ಎಲ್ಲಿಂದ ಬರುತ್ತಾರೆ, ಓದಿದವರಿಗೆ ಕೆಲಸ ಯಾರು ಕೊಡುತ್ತಾರೆ? ಸಮಿತಿ, ವರದಿ, ಮತ್ತೊಂದು ಸಮಿತಿ. 1904ರಲ್ಲಿ ಜಮ್‌ಶೆಟ್‌ಜಿ ತೀರಿಕೊಂಡಾಗ ಒಂದು ಇಟ್ಟಿಗೆಯೂ ಬಿದ್ದಿರಲಿಲ್ಲ.

ಒಲೆಗೆ ಮೂರನೆಯ ಕಲ್ಲು ಬಂದದ್ದು ಮೈಸೂರಿನಿಂದ. ದಿವಾನ್ ಶೇಷಾದ್ರಿ ಅಯ್ಯರ್ ಮುತುವರ್ಜಿ ವಹಿಸಿದರು. ರೀಜೆಂಟ್ ಆಗಿದ್ದ ಮಹಾರಾಣಿ ವಾಣಿವಿಲಾಸ ಸನ್ನಿಧಾನದವರ ಕಾಲದಲ್ಲಿ ಆದ ಮಾತನ್ನು ಸಂಸ್ಥಾನ ನಡೆಸಿಕೊಟ್ಟಿತು: 371 ಎಕರೆ ಜಮೀನು, ಕಟ್ಟಡಕ್ಕೆ 5 ಲಕ್ಷ ರೂಪಾಯಿ, ಅದರ ಮೇಲೆ ವರ್ಷಾವರ್ಷದ ಅನುದಾನ. ಭಾರತ ಸರ್ಕಾರವೂ ವಾರ್ಷಿಕ ಅನುದಾನಕ್ಕೆ ಒಪ್ಪಿತು. ಮಕ್ಕಳಾದ ದೊರಾಬ್ಜಿ, ರತನ್ ತಂದೆಯ ಮಾತಿಗೆ ತಪ್ಪಲಿಲ್ಲ. 1909ರ ಮೇ 27ರಂದು, 1890ರ ಧರ್ಮದತ್ತಿ ಕಾಯ್ದೆಯಡಿ ಆದೇಶ ಹೊರಟು ಸಂಸ್ಥೆ ಕಾನೂನಿನ ಕಣ್ಣಲ್ಲಿ ಹುಟ್ಟಿತು. ಮೊದಲ ವಿದ್ಯಾರ್ಥಿಗಳು ಬಂದದ್ದು 1911ರಲ್ಲಿ.

ದೇಶದ ಅತಿ ದೊಡ್ಡ ಸಿರಿವಂತರಲ್ಲೊಬ್ಬರ ದುಡ್ಡು ಹತ್ತು ವರ್ಷ ಸರ್ಕಾರದ ಬಾಗಿಲಲ್ಲಿ ಕಾದು ಕೂತಿತ್ತು. ದುಡ್ಡಿದ್ದರೆ ಏನು ಬೇಕಾದರೂ ಆಗುತ್ತದೆ ಎನ್ನುವವರು ಈ ಹತ್ತು ವರ್ಷಗಳನ್ನು ನೆನೆಯಬೇಕು. ಜಮೀನು, ಕಾನೂನು, ವರ್ಷದ ಖರ್ಚು ಈ ಮೂರೂ ದಾನಿಯ ಕೈಯಲ್ಲಿರುವುದಿಲ್ಲ.

ಹೊಟ್ಟೆ ಮೊದಲು, ಪುಸ್ತಕ ಆಮೇಲೆ

ಉತ್ತರ ಕರ್ನಾಟಕದ ಬೆಳಗಾವಿ, ಧಾರವಾಡ ಕಡೆಯ ದಾರಿ ಬೇರೆ. ಅಲ್ಲಿ ಮೈಸೂರಿನಂಥ ಸಂಸ್ಥಾನ ಇರಲಿಲ್ಲ, ಮುಂಬಯಿ ಪ್ರಾಂತದ ಅಂಚಿನಲ್ಲಿ ಬಿದ್ದಿದ್ದ ಜಿಲ್ಲೆಗಳು. ಶಿರಸಂಗಿಯ ದೇಸಾಯಿ ಲಿಂಗರಾಜರು 1906ರಲ್ಲಿ ತೀರಿಕೊಳ್ಳುವ ಮುನ್ನ ತಮ್ಮ ಆಸ್ತಿಯನ್ನು ಲಿಂಗಾಯತ ಮಕ್ಕಳ ಓದಿಗೆಂದು ಬರೆದಿಟ್ಟರು. ‘ತ್ಯಾಗವೀರ’ ಎಂದು ಜನ ಅವರನ್ನು ಇಂದಿಗೂ ಕರೆಯುತ್ತಾರೆ. ಹತ್ತು ವರ್ಷದ ನಂತರ, 1916ರಲ್ಲಿ, ಬೆಳಗಾವಿಯಲ್ಲಿ ಕೆ.ಎಲ್.ಇ. ಸಂಸ್ಥೆ ಹುಟ್ಟಿತು. ಅದನ್ನು ಕಟ್ಟಿದ ಏಳು ಮಂದಿಯನ್ನು ಆ ಕಡೆ ‘ಸಪ್ತರ್ಷಿಗಳು’ ಅನ್ನುತ್ತಾರೆ. ಅವರು ಕೊಟ್ಟದ್ದು ಆಸ್ತಿಯನ್ನಲ್ಲ, ಆಯುಷ್ಯವನ್ನು. ಬೇರೆಡೆ ಹೆಚ್ಚು ಸಂಬಳ ಸಿಗುತ್ತಿದ್ದ ಕಾಲದಲ್ಲಿ ಇಲ್ಲಿ ಪಾಠ ಹೇಳಿ, ಸಂಜೆ ದೇಣಿಗೆ ಪುಸ್ತಕ ಹಿಡಿದು ಊರೂರು ತಿರುಗುವ ಕೆಲಸ. 1933ರಲ್ಲಿ ಸಂಸ್ಥೆ ಕಾಲೇಜು ತೆರೆದಾಗ ಅದಕ್ಕೆ ಲಿಂಗರಾಜರ ಹೆಸರನ್ನೇ ಇಟ್ಟರು. ಎರಡನೆಯ ಕಲ್ಲು ಎಂದೆನಲ್ಲ, ನಡೆಸುವವರು, ಅದು ಇದು. ದಾನಿಗಳ ಚರಿತ್ರೆಯಲ್ಲಿ ಅತಿ ಕಡಿಮೆ ಮಾತಾಡಿದ ಭಾಗವೂ ಇದೇ.

ಆದರೆ ಹಳ್ಳಿಯ ಮಗುವಿಗೆ ಶಾಲೆಗಿಂತ ಮೊದಲು ಬೇಕಾದದ್ದು ಎರಡು ಹೊತ್ತಿನ ಊಟ ಮತ್ತು ಮಲಗಲು ಜಾಗ. ಹೈಸ್ಕೂಲು ಇದ್ದದ್ದು ತಾಲ್ಲೂಕು ಕೇಂದ್ರದಲ್ಲಿ, ಕಾಲೇಜು ಧಾರವಾಡ, ಬೆಳಗಾವಿ, ಮೈಸೂರು, ಬೆಂಗಳೂರಿನಲ್ಲಿ. ಬ್ರಾಹ್ಮಣ ಹುಡುಗರಿಗೆ ವಾರಾನ್ನದ ಮನೆಗಳಿದ್ದವು. ಉಳಿದವರು ಎಲ್ಲಿ ಉಣ್ಣಬೇಕು? ಹಾಗಾಗಿಯೇ ಕನ್ನಡ ನಾಡಿನ ದಾನದ ದೊಡ್ಡ ಪಾಲು ಹೋದದ್ದು ಹಾಸ್ಟೆಲಿಗೆ. ಧಾರವಾಡದ ಮುರುಘಾಮಠದ ಪ್ರಸಾದ ನಿಲಯ, ಬೆಂಗಳೂರಲ್ಲಿ ಗುಬ್ಬಿ ತೋಟದಪ್ಪನವರ ಧರ್ಮಛತ್ರ ಮತ್ತು ಹಾಸ್ಟೆಲು, ತುಮಕೂರು ಪಕ್ಕದ ಸಿದ್ಧಗಂಗೆ. ಸಿದ್ಧಗಂಗೆಯಲ್ಲಿ ಶಿವಕುಮಾರ ಸ್ವಾಮಿಗಳ ಕಾಲಕ್ಕೆ ಹತ್ತು ಸಾವಿರದ ಹತ್ತಿರ ಹತ್ತಿರ ಮಕ್ಕಳು ಜಾತಿಮತದ ಭೇದವಿಲ್ಲದೆ ಉಂಡು ಓದುತ್ತಿದ್ದರು. ಅದಕ್ಕೆ ದುಡ್ಡು ಕೊಟ್ಟ ದೊಡ್ಡವರ ಹೆಸರಿಗಿಂತ, ಸುಗ್ಗಿಯಲ್ಲಿ ರಾಗಿ, ಕಾಳು ತಂದು ಸುರಿದ ರೈತರ ಲೆಕ್ಕ ದೊಡ್ಡದು. ಅವರ ಹೆಸರು ಯಾವ ಫಲಕದಲ್ಲೂ ಇಲ್ಲ.

ಜಾತಿಯ ಮಾತು ಇಲ್ಲಿ ಬಂದೇ ಬರುತ್ತದೆ. ಮೈಸೂರಿನಲ್ಲಿ 1905ರಲ್ಲಿ ಲಿಂಗಾಯತರ ವಿದ್ಯಾನಿಧಿ ಸಂಘ, 1906ರಲ್ಲಿ ಒಕ್ಕಲಿಗರ ಸಂಘ, 1909ರಲ್ಲಿ ಮುಸ್ಲಿಮರ ಸಂಘ ಹುಟ್ಟಿದವು. ತಮ್ಮ ಜನ, ತಮ್ಮ ದುಡ್ಡು, ತಮ್ಮ ಮಕ್ಕಳಿಗೆ ಹಾಸ್ಟೆಲು. ಇದನ್ನು ಸಂಕುಚಿತ ಎಂದು ತಳ್ಳಿಹಾಕುವುದು ಸುಲಭ. ಆದರೆ ಕಚೇರಿಗಳಲ್ಲಿ ಒಂದೇ ಜಾತಿಯವರು ತುಂಬಿದ್ದ ಕಾಲದಲ್ಲಿ, ಉಳಿದವರಿಗೆ ಇದ್ದ ಏಣಿ ಇದೊಂದೇ. ಈ ಸಂಘಗಳ ಒತ್ತಡವೇ ಮುಂದೆ 1918ರಲ್ಲಿ, ಸರ್ಕಾರಿ ಕೆಲಸಗಳಲ್ಲಿ ಹಿಂದುಳಿದ ಜಾತಿಗಳಿಗೆ ಪಾಲು ಸಿಗುವ ಬಗೆ ನೋಡಲು, ಮಿಲ್ಲರ್ ಸಮಿತಿ ರಚನೆಯಾಗುವಲ್ಲಿಗೆ ಮುಟ್ಟಿತು. ಸಮುದಾಯದ ದಾನ ಸರ್ಕಾರದ ನೀತಿಯಾಗಿ ತಿರುಗಿದ ಅಪರೂಪದ ನಿದರ್ಶನ ಅದು.

ಕೊರತೆ ಇರುವುದು ಬೇರೆ ಕಡೆ. ಜಾತಿಗೊಬ್ಬ ದೇಸಾಯಿ, ಜಾತಿಗೊಬ್ಬ ಸಾಹುಕಾರ ಇದ್ದರೆ ಈ ಲೆಕ್ಕ ಸರಿ. ಉಳ್ಳವರೇ ಇಲ್ಲದ ಜಾತಿಗೆ ದಾನಿ ಯಾರು? ಮಂಗಳೂರಿನ ಕುದ್ಮುಲ್ ರಂಗರಾಯರು ದಲಿತ ಮಕ್ಕಳಿಗಾಗಿ ಶಾಲೆ ತೆರೆದು, 1897ರಲ್ಲಿ ಡಿಪ್ರೆಸ್ಡ್ ಕ್ಲಾಸಸ್ ಮಿಷನ್ ಕಟ್ಟಿದಾಗ ಸ್ವಂತ ಸಾರಸ್ವತ ಸಮಾಜದವರೇ ಅವರಿಗೆ ಬಹಿಷ್ಕಾರ ಹಾಕಿದರು. ಅಂಥ ಒಬ್ಬರು ಹುಟ್ಟುವುದನ್ನು ನಂಬಿ ಒಂದಿಡೀ ಸಮುದಾಯ ಕಾಯುತ್ತ ಕೂರಲು ಆಗುತ್ತದೆಯೆ? ಸರ್ಕಾರಿ ಹಾಸ್ಟೆಲು, ಸರ್ಕಾರಿ ವಿದ್ಯಾರ್ಥಿವೇತನ ಯಾಕೆ ಬೇಕು ಎಂಬುದಕ್ಕೆ ಉತ್ತರ ಇಲ್ಲೇ ಇದೆ.

ಸಂಬಳಕ್ಕೆ ಫಲಕ ಹಾಕಿಸುವವರಿಲ್ಲ

ದಾನದ ಬಗೆಗಳನ್ನು ಸ್ವಲ್ಪ ಬಿಡಿಸಿ ನೋಡೋಣ. ಒಮ್ಮೆ ಕೊಟ್ಟು ಮುಗಿಯುವಂಥದು ಒಂದು: ಜಮೀನು, ಕಟ್ಟಡ, ಬೆಂಚು, ಈಗೀಗ ಸ್ಮಾರ್ಟ್ ಕ್ಲಾಸಿನ ಟಿವಿ. ಇಡುಗಂಟು ಇನ್ನೊಂದು: ಅಸಲನ್ನು ಮುಟ್ಟುವಂತಿಲ್ಲ, ಬಡ್ಡಿಯಲ್ಲಿ ಕೆಲಸ ನಡೆಯಬೇಕು. ಮೂರನೆಯದು ವರ್ಷಾವರ್ಷದ ಖರ್ಚನ್ನು ಹೊರುವುದು.

ಇಡುಗಂಟು ಕೇಳಲು ಚೆನ್ನ. ಆದರೆ ಅದಕ್ಕೆ ಬೆಲೆಯೇರಿಕೆಯ ಗೆದ್ದಲು ಹಿಡಿಯುತ್ತದೆ. ಶಾಲಾ ವಾರ್ಷಿಕೋತ್ಸವದ ದತ್ತಿ ಬಹುಮಾನಗಳನ್ನು ನೆನೆಸಿಕೊಳ್ಳಿ. ತಂದೆಯ ನೆನಪಿಗೆಂದು ಯಾರೋ 1975ರ ಸುಮಾರಿಗೆ ಒಂದು ಸಾವಿರ ರೂಪಾಯಿ ಬ್ಯಾಂಕಿನಲ್ಲಿ ಇಟ್ಟಿರುತ್ತಾರೆ. ಗಣಿತದಲ್ಲಿ ಮೊದಲು ಬಂದವರಿಗೆ ಅದರ ಬಡ್ಡಿ. ಶೇಕಡ 7ರಂತೆ ಹಿಡಿದರೂ ವರ್ಷಕ್ಕೆ ಎಪ್ಪತ್ತು ರೂಪಾಯಿ. ಆಗ ಅದು ಒಳ್ಳೆಯ ಬಹುಮಾನ, ಈಗ ಎರಡು ಮಸಾಲೆದೋಸೆಗೂ ಸಾಲದು. ಲಕೋಟೆಗಿಂತ ಪ್ರಶಸ್ತಿಪತ್ರದ ಫ್ರೇಮಿಗೇ ಹೆಚ್ಚು ಖರ್ಚು. ವೇದಿಕೆಯ ಮೇಲೆ ಮಾತ್ರ ದಾನಿಯ ಹೆಸರನ್ನು ಪೂರ್ತಿ, ಮೂರು ತಲೆಮಾರಿನ ಸಮೇತ, ಓದುತ್ತಾರೆ. ಅಸಲಿನ ಬೆಲೆ ಕರಗದಂತೆ ಇಡುಗಂಟನ್ನು ಕಾಯಬೇಕಾದರೆ ಬಡ್ಡಿಯ ಒಂದು ಪಾಲನ್ನು ವರ್ಷಾವರ್ಷ ಅಸಲಿಗೇ ಸೇರಿಸಬೇಕು. ದೊಡ್ಡ ವಿಶ್ವವಿದ್ಯಾಲಯಗಳು ಹಾಗೆ ಮಾಡುತ್ತವೆ. ನಮ್ಮ ಸಣ್ಣ ದತ್ತಿಗಳಲ್ಲಿ ಆ ಷರತ್ತನ್ನು ಬರೆಯುವವರು ಕಡಿಮೆ.

ಮೂರನೆಯ ಬಗೆಯ ದಾನಕ್ಕೆ ಜನ ಸಿಗುವುದೇ ಕಷ್ಟ. ಕೊಠಡಿ ಕಟ್ಟಿಸಿದರೆ ಹೆಸರು ಉಳಿಯುತ್ತದೆ. ಮೇಷ್ಟರ ಮಾರ್ಚ್ ತಿಂಗಳ ಸಂಬಳ ಕೊಟ್ಟವರು ಎಂದು ಯಾರಾದರೂ ಫಲಕ ಹಾಕಿಸಿದ್ದನ್ನು ನೋಡಿದ್ದೀರಾ? ಶೌಚಾಲಯ ತೊಳೆಯುವವರ ಕೂಲಿ, ಕರೆಂಟ್ ಬಿಲ್ಲು, ಸೋರುವ ಚಾವಣಿಗೆ ಹೆಂಚು, ಇವಕ್ಕೆ ಯಾವ ಉದ್ಘಾಟನಾ ಸಮಾರಂಭವೂ ಇಲ್ಲ. ಆದರೆ ಶಾಲೆಯೆಂದರೆ ಮುಖ್ಯವಾಗಿ ಮೇಷ್ಟರು, ಮೇಷ್ಟರೆಂದರೆ ತಿಂಗಳ ಸಂಬಳ.

ಈ ಕಂದಕವನ್ನು ತುಂಬಿದ್ದೇ ಅನುದಾನ ಪದ್ಧತಿ. ಜಾಗ, ಕಟ್ಟಡ ಸಮಿತಿಯವರದು, ಶಿಕ್ಷಕರ ಸಂಬಳ ಸರ್ಕಾರದ್ದು, ಬದಲಿಗೆ ನೇಮಕ, ಫೀಸು, ಪಠ್ಯದ ವಿಷಯದಲ್ಲಿ ಸರ್ಕಾರದ ನಿಯಮ. ‘ಅನುದಾನಿತ ಶಾಲೆ’ ಎಂಬ ನೀರಸ ಸರ್ಕಾರಿ ಪದದೊಳಗೆ ಅಡಗಿರುವುದು ಈ ಒಪ್ಪಂದ. ನಮ್ಮ ತಾಲ್ಲೂಕು ಕೇಂದ್ರಗಳ ಎಷ್ಟೋ ಹಳೆಯ ಹೈಸ್ಕೂಲುಗಳು, ಮಠಗಳ, ಸಂಘಗಳ ಕಾಲೇಜುಗಳು ಬದುಕಿದ್ದು ಇದರಿಂದಲೇ. 1980ರ ದಶಕದ ಕೊನೆಯಿಂದ ಸರ್ಕಾರ ಹೊಸ ಸಂಸ್ಥೆಗಳನ್ನು ಅನುದಾನಕ್ಕೆ ತೆಗೆದುಕೊಳ್ಳುವುದರಲ್ಲಿ ಕೈ ಬಿಗಿ ಮಾಡಿತು. ಸಂಬಳ ಇನ್ನು ಎಲ್ಲಿಂದ ಬರಬೇಕು? ಅಪ್ಪ-ಅಮ್ಮಂದಿರ ಜೇಬಿನಿಂದ.

ಪದ ತಿರುಗಿಬಿದ್ದ ಹೊತ್ತು

ವೃತ್ತಿಶಿಕ್ಷಣದಲ್ಲಿ ಈ ತಿರುವು ಇನ್ನೂ ಮುಂಚೆಯೇ ಆಗಿತ್ತು. ಡಾ. ಟಿ.ಎಂ.ಎ. ಪೈ ಅವರು 1953ರಲ್ಲಿ ಮಣಿಪಾಲದಲ್ಲಿ ಕಸ್ತೂರಬಾ ವೈದ್ಯಕೀಯ ಕಾಲೇಜು ತೆರೆದಾಗ, ಖಾಸಗಿಯವರು ವೈದ್ಯಕೀಯ ಕಾಲೇಜು ನಡೆಸುವುದೇ ಹೊಸ ಮಾತು. ಬೋಳುಗುಡ್ಡದ ಮೇಲೆ ಆಸ್ಪತ್ರೆ, ಪ್ರಯೋಗಾಲಯ ಕಟ್ಟಲು ಬಂಡವಾಳ ಬೇಕಿತ್ತು. ಓದಲು ಬರುವವರ ಮನೆಯವರಿಂದಲೇ ಅದನ್ನು ಎತ್ತುವುದೆಂದು ಗೊತ್ತಾಯಿತು. ಪಿಗ್ಮಿ ಯೋಜನೆಯಲ್ಲಿ ದಿನಕ್ಕೆರಡಾಣೆ ಕೂಡಿಸಿ ಬ್ಯಾಂಕ್ ಬೆಳೆಸಿದ ಊರಿನವರಿಗೆ ಇದು ಸಹಜ ಲೆಕ್ಕವಾಗಿ ಕಂಡಿರಬೇಕು. ಒಂದು ಪ್ರಾಮಾಣಿಕ ಕೊರತೆಗೆ ಕಂಡುಕೊಂಡ ದಾರಿ ಅದು. ಮೂವತ್ತು ವರ್ಷದಲ್ಲಿ ಆ ದಾರಿಯಲ್ಲಿ ಲಾರಿಗಳು ಓಡಾಡತೊಡಗಿದವು. ಎಂಬತ್ತರ ದಶಕದ ಹೊತ್ತಿಗೆ ಇಂಜಿನಿಯರಿಂಗ್, ಮೆಡಿಕಲ್ ಸೀಟುಗಳಿಗಾಗಿ ಉತ್ತರ ಭಾರತದಿಂದ ಸೂಟ್‌ಕೇಸು ಹಿಡಿದು ಬರುವ ಅಪ್ಪಂದಿರು ಕರ್ನಾಟಕದ ಸಣ್ಣ ಊರುಗಳ ಲಾಡ್ಜಿನವರಿಗೂ ಪರಿಚಿತರಾಗಿದ್ದರು.

ತಡೆಯುವ ಪ್ರಯತ್ನ ಆಗಲಿಲ್ಲವೆಂದಲ್ಲ. ಕ್ಯಾಪಿಟೇಷನ್ ಶುಲ್ಕವನ್ನು, ಅಂದರೆ ಸೀಟಿಗಾಗಿ ಕೇಳುವ ಡೊನೇಷನ್ನನ್ನು, ನಿಷೇಧಿಸಿ ರಾಜ್ಯ 1984ರಲ್ಲಿ ಕಾಯ್ದೆ ತಂದಿತು. 1989ರಲ್ಲಿ ಖಾಸಗಿ ವೈದ್ಯಕೀಯ ಕಾಲೇಜುಗಳಿಗೆ ಶುಲ್ಕ ಗೊತ್ತುಮಾಡಿತು: ಸರ್ಕಾರಿ ಸೀಟಿಗೆ ವರ್ಷಕ್ಕೆ 2,000 ರೂಪಾಯಿ, ಉಳಿದ ಕನ್ನಡಿಗ ವಿದ್ಯಾರ್ಥಿಗಳಿಗೆ 25,000, ಹೊರರಾಜ್ಯದವರಿಗೆ 60,000. ತುಮಕೂರಿನ ಕಾಲೇಜೊಂದರಲ್ಲಿ ಸೀಟು ಕೇಳಿದ್ದ ಉತ್ತರಪ್ರದೇಶದ ವಿದ್ಯಾರ್ಥಿನಿಯೊಬ್ಬರು ಈ 60,000ವನ್ನು ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನಿಸಿದರು. ಅದೇ 1992ರ ಪ್ರಸಿದ್ಧ ಮೋಹಿನಿ ಜೈನ್ ಪ್ರಕರಣ. ಶಿಕ್ಷಣ ಪ್ರಜೆಯ ಹಕ್ಕು, ಕ್ಯಾಪಿಟೇಷನ್ ಎಂಬುದು ಅದನ್ನು ಮಾರುವುದಕ್ಕೆ ಸಮ ಎಂದಿತು ನ್ಯಾಯಾಲಯ. ಮರುವರ್ಷ ಉನ್ನಿಕೃಷ್ಣನ್ ತೀರ್ಪು ಬಂದು ಉಚಿತ ಸೀಟು, ಪೇಮೆಂಟ್ ಸೀಟು ಎಂಬ ಎರಡು ಪಂಗಡ ಹುಟ್ಟಿದವು. 1994ರಿಂದ ರಾಜ್ಯದಲ್ಲಿ ಸಿಇಟಿ. ಆಮೇಲೆ 2002ರ ಅಕ್ಟೋಬರ್ 31ರಂದು, ಟಿ.ಎಂ.ಎ. ಪೈ ಫೌಂಡೇಷನ್ ಪ್ರಕರಣದಲ್ಲಿ ಹನ್ನೊಂದು ನ್ಯಾಯಮೂರ್ತಿಗಳ ಪೀಠ, ವಿದ್ಯಾಸಂಸ್ಥೆ ನಡೆಸುವುದೂ ಒಂದು ಉದ್ಯೋಗ, ಅದಕ್ಕೆ ಸಂವಿಧಾನದ ರಕ್ಷಣೆ ಇದೆ, ಬೆಳವಣಿಗೆಗಾಗಿ ಒಂದಿಷ್ಟು ಮಿಗತೆ ಮಾಡಿಕೊಳ್ಳಬಹುದು, ಲಾಭಕೋರತನ ಮತ್ತು ಕ್ಯಾಪಿಟೇಷನ್ ಕೂಡದು ಎಂದಿತು. ಈ ಮೊಕದ್ದಮೆಗಳಲ್ಲಿ ಎಷ್ಟಕ್ಕೆ ಕರ್ನಾಟಕದ ಬೇರಿದೆ ನೋಡಿ. ಶಿಕ್ಷಣದಾನದಲ್ಲೂ ನಾವು ಮುಂದು, ಡೊನೇಷನ್ನಿನಲ್ಲೂ ಮುಂದು.

ಲಾಭ ಮತ್ತು ಮಿಗತೆಯ ನಡುವಿನ ಗೆರೆ ತೆಳು. ಕಾಗದದಲ್ಲಿ ಇಂದಿಗೂ ಬಹುಪಾಲು ಖಾಸಗಿ ಶಾಲೆ, ಕಾಲೇಜುಗಳು ಟ್ರಸ್ಟ್ ಇಲ್ಲವೆ ಸೊಸೈಟಿ. ಮಿಕ್ಕ ಹಣ ಶಿಕ್ಷಣಕ್ಕೇ ಹೋಗಬೇಕು, ಟ್ರಸ್ಟಿಗಳ ಮನೆಗೆ ಹೋಗಕೂಡದು ಎನ್ನುತ್ತದೆ ಆದಾಯ ತೆರಿಗೆ ಕಾಯ್ದೆ. ಆದರೆ ಕಟ್ಟಡದ ಮಾಲೀಕ ಟ್ರಸ್ಟಿಯ ತಮ್ಮ, ಬಸ್ಸುಗಳು ಭಾವನವು, ಸಮವಸ್ತ್ರದ ಅಂಗಡಿ ಸೊಸೆಯದು ಎಂದಾದರೆ? ಬಾಡಿಗೆ, ಬಿಲ್ಲು ಎಲ್ಲ ಸರಿಯಾಗಿಯೇ ಇರುತ್ತವೆ. ಕವಿಲೆಯ ಶಾಪವೂ ಈಗ ನಡೆಯುವುದಿಲ್ಲ.

ದಾನದಲ್ಲಿ ನಮ್ಮ ಪಾಲು

‘ಅವರ ದುಡ್ಡು, ಅವರಿಷ್ಟ, ಕೇಳಲು ನಾವ್ಯಾರು?’ ಎನ್ನುವ ಮಾತು ಆಗಾಗ ಕಿವಿಗೆ ಬೀಳುತ್ತದೆ. ಇದನ್ನು ಒಂದು ಸಣ್ಣ ಲೆಕ್ಕದಿಂದ ನೋಡಬಹುದು. ಹಳೆಯ ತೆರಿಗೆ ಪದ್ಧತಿಯಲ್ಲಿರುವ, ಶೇಕಡ 30ರ ಹಂತದ ಒಬ್ಬರು ದಾನಿಗೆ ತೆರಿಗೆ ರಿಯಾಯಿತಿ ಕೊಡಿಸುವ ಮಾನ್ಯತೆ (80-ಜಿ ಎಂದು ಕರೆಯುವುದು) ಇರುವ ಟ್ರಸ್ಟಿಗೆ 10,000 ರೂಪಾಯಿ ಕೊಟ್ಟರು ಎನ್ನಿ. ಸಾಮಾನ್ಯವಾಗಿ ಅದರ ಅರ್ಧದಷ್ಟು, ಅಂದರೆ 5,000, ಅವರ ಆದಾಯದ ಲೆಕ್ಕದಿಂದ ಕಳೆಯುತ್ತದೆ. ಅವರಿಗೆ ಉಳಿತಾಯವಾಗುವ ತೆರಿಗೆ 1,500. ಅಷ್ಟು ಹಣ ಖಜಾನೆಗೆ ಬರಲಿಲ್ಲ. ಹತ್ತು ಸಾವಿರದ ದಾನದಲ್ಲಿ ಒಂದೂವರೆ ಸಾವಿರ ನಿಮ್ಮದು, ನನ್ನದು, ಬೆಂಕಿಪೊಟ್ಟಣಕ್ಕೂ ತೆರಿಗೆ ಕಟ್ಟುವ ಕೂಲಿಯವಳದು. ಟ್ರಸ್ಟಿನ ವರಮಾನಕ್ಕೆ ಇರುವ ವಿನಾಯಿತಿ ಬೇರೆ. ಹಾಗಾಗಿ ಕೇಳುವ ಹಕ್ಕು ಇದೆ.

ಕಂಪನಿಗಳ ಸಿಎಸ್ಆರ್ (ಸಾಮಾಜಿಕ ಹೊಣೆಗಾರಿಕೆ) ಹಣವನ್ನಂತೂ ದಾನ ಅನ್ನುವುದೇ ಕಷ್ಟ. 2013ರ ಕಂಪನಿ ಕಾಯ್ದೆಯ 135ನೇ ಕಲಮಿನಂತೆ 500 ಕೋಟಿ ನಿವ್ವಳ ಮೌಲ್ಯ, 1,000 ಕೋಟಿ ವಹಿವಾಟು, 5 ಕೋಟಿ ನಿವ್ವಳ ಲಾಭ ಇವುಗಳಲ್ಲಿ ಯಾವುದೊಂದು ಮುಟ್ಟಿದರೂ, ಹಿಂದಿನ ಮೂರು ವರ್ಷದ ಸರಾಸರಿ ಲಾಭದ ಶೇಕಡ 2ರಷ್ಟನ್ನು ಸಮಾಜದ ಕೆಲಸಕ್ಕೆ ಖರ್ಚು ಮಾಡಬೇಕು. 2014ರ ಏಪ್ರಿಲಿನಿಂದ ಇದು ಜಾರಿಯಲ್ಲಿದೆ. ಕಾನೂನು ಹೇಳಿ ಕೊಡಿಸುವುದು ತೆರಿಗೆಯ ಹಾಗೆ, ಎಲ್ಲಿಗೆ ಕೊಡಬೇಕೆಂದು ಕಂಪನಿಯೇ ಆರಿಸುವುದು ದಾನದ ಹಾಗೆ. ತಾನಿರುವ ಸುತ್ತಮುತ್ತಲಿಗೆ ಆದ್ಯತೆ ಕೊಡಬೇಕೆಂದು ಕಾಯ್ದೆಯೇ ಹೇಳುವುದರಿಂದ, ಕಂಪನಿಗಳಿರುವ ಕಡೆ ಹಣ ಹರಿಯುತ್ತದೆ. ಹೊಸೂರು ರಸ್ತೆಯ ಪಕ್ಕದ ಸರ್ಕಾರಿ ಶಾಲೆಗೆ ಮೂರು ಕಂಪನಿಯವರು ಬಣ್ಣ ಬಳಿಯಲು ಬರಬಹುದು. ಕಾರ್ಖಾನೆಯ ಚಿಮಣಿಯೇ ಕಾಣದ ತಾಲ್ಲೂಕಿನ ಶಾಲೆಗೆ ಯಾರು ಬರುತ್ತಾರೆ?

ಇದಕ್ಕೆ ತಿರುಗಾಗಿ ನಿಂತ ದೊಡ್ಡ ನಿದರ್ಶನ ಅಜೀಂ ಪ್ರೇಮ್‌ಜಿ ಫೌಂಡೇಷನ್. 2001ರಲ್ಲಿ ಶುರುವಾದ ಇದಕ್ಕೆ 2019ರ ಮಾರ್ಚಿನಲ್ಲಿ ವಿಪ್ರೊದ ಶೇಕಡ 34ರಷ್ಟು ಷೇರುಗಳ ಆದಾಯವನ್ನು, ಆಗಿನ ಬೆಲೆಯಲ್ಲಿ 52,750 ಕೋಟಿ ರೂಪಾಯಿ, ಪ್ರೇಮ್‌ಜಿ ಬಿಟ್ಟುಕೊಟ್ಟರು. ಅದರೊಂದಿಗೆ ಒಟ್ಟು ಇಡುಗಂಟು 1,45,000 ಕೋಟಿ ಮುಟ್ಟಿತು. ದುಡ್ಡಿನ ಗಾತ್ರಕ್ಕಿಂತ ಅದು ಆರಿಸಿದ ಕೆಲಸ ಗಮನಿಸಬೇಕಾದ್ದು. ತನ್ನದೇ ಶಾಲೆಗಳ ಸರಪಳಿ ಕಟ್ಟುವುದಕ್ಕಿಂತ ಹೆಚ್ಚಾಗಿ, ಯಾದಗಿರಿ, ಸುರಪುರದಂಥ ಕಡೆ ಸರ್ಕಾರಿ ಶಾಲೆಯ ಮೇಷ್ಟರ ಜೊತೆ ವರ್ಷಗಟ್ಟಲೆ ಕೂತು ಮಾಡುವ ಕೆಲಸ. ಅದಕ್ಕೂ ಫಲಕ ಹಾಕಲು ಬರುವುದಿಲ್ಲ.

ಇನ್ನು ಮಕ್ಕಳ ತಟ್ಟೆಗೆ ಬರೋಣ. ಖಾಸಗಿ ದಾನದ ಎಲ್ಲ ತೊಡಕೂ ಅಲ್ಲಿ ಒಂದೇ ಕಡೆ ಕಾಣುತ್ತದೆ. 2000ದಲ್ಲಿ ಬೆಂಗಳೂರಿನ ಐದು ಶಾಲೆಗಳ 1,500 ಮಕ್ಕಳಿಗೆ ಊಟ ಬಡಿಸಿ ಇಸ್ಕಾನ್‌ನವರ ಅಕ್ಷಯ ಪಾತ್ರ ಶುರುವಾಯಿತು. ಸರ್ಕಾರದ ಬಿಸಿಯೂಟ ಯೋಜನೆ ಅಕ್ಷರ ದಾಸೋಹ ಬಂದದ್ದು ಆಮೇಲೆ, 2002ರಲ್ಲಿ. ಅಂದರೆ ಇಲ್ಲಿ ದಾನ ಮುಂದೆ ಹೋಗಿ ದಾರಿ ತೋರಿಸಿತು. ಇಂದು ಅದರ ಅಡುಗೆಮನೆಗೆ ಅಕ್ಕಿ, ಅನುದಾನ ಸರ್ಕಾರದ್ದು, ಮೇಲಿನ ಖರ್ಚು ದಾನಿಗಳದು. ಆದರೆ ನಡೆಸುವವರ ಧಾರ್ಮಿಕ ನಂಬಿಕೆಯಂತೆ ಅಡುಗೆಗೆ ಈರುಳ್ಳಿ, ಬೆಳ್ಳುಳ್ಳಿ ಬೀಳುವುದಿಲ್ಲ. ಸಾರು ಮಕ್ಕಳಿಗೆ ರುಚಿಸುತ್ತದೆಯೇ ಎಂಬ ಜಗಳ 2018-19ರಲ್ಲಿ ಜೋರಾಗಿಯೇ ನಡೆಯಿತು. ಪೌಷ್ಟಿಕತೆ ಸರಿಯಿದೆ ಎಂದು ಒಂದು ಕಡೆ, ಮನೆಯಲ್ಲಿ ಉಣ್ಣುವ ರುಚಿಯೇ ಇಲ್ಲದಿದ್ದರೆ ಮಗು ತಟ್ಟೆಯಲ್ಲಿ ಬಿಡುತ್ತದೆ ಎಂದು ಇನ್ನೊಂದು ಕಡೆ.

ಮೊಟ್ಟೆಯದು ಬೇರೆ ಹಾದಿ. 2021ರ ಡಿಸೆಂಬರಿನಲ್ಲಿ ಕಲ್ಯಾಣ ಕರ್ನಾಟಕದ ಜಿಲ್ಲೆಗಳಲ್ಲಿ ಶಾಲಾಮಕ್ಕಳಿಗೆ ಮೊಟ್ಟೆ ಕೊಡಲು ಸರ್ಕಾರ ತೀರ್ಮಾನಿಸಿದಾಗ ಕೆಲವು ಮಠಾಧೀಶರು ವಿರೋಧಿಸಿದರು, ಮಕ್ಕಳು, ತಾಯಂದಿರು ಬೇಕು ಎಂದರು, ವಿಧಾನಸಭೆ, ಪತ್ರಿಕೆ, ಜಗಲಿ ಎಲ್ಲೆಡೆ ವಾದ ನಡೆಯಿತು. ತಿನ್ನದವರಿಗೆ ಬಾಳೆಹಣ್ಣು, ಚಿಕ್ಕಿ ಎಂದಾಯಿತು. 2024ರಲ್ಲಿ ಅಜೀಂ ಪ್ರೇಮ್‌ಜಿ ಫೌಂಡೇಷನ್ ಮೂರು ವರ್ಷಕ್ಕೆ ಸುಮಾರು 1,500 ಕೋಟಿ ಕೊಡುತ್ತೇನೆಂದಾಗ, ವಾರಕ್ಕೆ ಎರಡು ದಿನ ಇದ್ದ ಮೊಟ್ಟೆ ಆರು ದಿನವಾಯಿತು.

ಎರಡೂ ದಾನವೇ, ಹಸಿದ ಮಗುವಿಗೆ ಎರಡೂ ಬೇಕಾದದ್ದೇ. ಆದರೆ ಈರುಳ್ಳಿ ಬೇಡ ಎಂದದ್ದು ಅಡುಗೆಮನೆ. ಮೊಟ್ಟೆ ಬೇಕು ಎಂದದ್ದು ಬೀದಿಯಲ್ಲಿ ಜಗಳವಾಡಿ ತೀರ್ಮಾನಿಸಿದ ಸರ್ಕಾರ, ದಾನಿ ಬಂದದ್ದು ಅದನ್ನು ದೊಡ್ಡದು ಮಾಡಲು. ಎರಡನೆಯದನ್ನು ನಾಳೆ ಪ್ರಶ್ನಿಸಬಹುದು, ಬದಲಿಸಬಹುದು, ಓಟಿನಲ್ಲಿ ಸೋಲಿಸಲೂಬಹುದು. ಹಾಗಂತ ಅದಕ್ಕೂ ಒಂದು ಚಿಂತೆ ಉಂಟು: ಮೂರು ವರ್ಷದ ಒಪ್ಪಂದ ಮುಗಿದ ಮಾರನೆಯ ದಿನ ಉಳಿದ ನಾಲ್ಕು ಮೊಟ್ಟೆಗಳನ್ನು ಯಾರು ಕೊಡುತ್ತಾರೆ?

ಪಹಣಿಯಲ್ಲಿ ಯಾರ ಹೆಸರು

ಇಷ್ಟೆಲ್ಲ ಕೋಟಿಗಳ ಮಾತಿನ ನಡುವೆ ಹರೇಕಳ ಹಾಜಬ್ಬರನ್ನು ಮರೆಯುವಂತಿಲ್ಲ. ಮಂಗಳೂರಿನಲ್ಲಿ ಬುಟ್ಟಿಯಲ್ಲಿ ಕಿತ್ತಳೆ ಮಾರುತ್ತಿದ್ದವರು. ವಿದೇಶಿಯರು ಹಣ್ಣಿನ ಬೆಲೆ ಕೇಳಿದಾಗ ಉತ್ತರಿಸಲಾಗದೆ ಅವಮಾನವಾಗಿ, ತಮ್ಮೂರ ಮಕ್ಕಳಿಗೆ ಹೀಗಾಗಬಾರದೆಂದು ಹೊರಟರು. 2000ದಲ್ಲಿ ನ್ಯೂಪಡ್ಪುವಿನಲ್ಲಿ ಒಂದಷ್ಟು ಮಕ್ಕಳೊಂದಿಗೆ ಶಾಲೆ ಆರಂಭವಾಯಿತು. 2020ರಲ್ಲಿ ಅವರಿಗೆ ಪದ್ಮಶ್ರೀ ಘೋಷಣೆಯಾದಾಗ ಬಹಳ ಮಂದಿ ಗಮನಿಸದ ಸಂಗತಿಯೆಂದರೆ, ಅವರು ಕಟ್ಟಿದ್ದು ‘ಹಾಜಬ್ಬ ಪಬ್ಲಿಕ್ ಸ್ಕೂಲ್’ ಅಲ್ಲ, ದಕ್ಷಿಣ ಕನ್ನಡ ಜಿಲ್ಲಾ ಪಂಚಾಯತ್ ಶಾಲೆ. ಕಿತ್ತಳೆ ಮಾರಿ ಉಳಿಸಿದ ದುಡ್ಡಿನಷ್ಟೇ ಬೆವರನ್ನು ಅವರು ಕಚೇರಿಯಿಂದ ಕಚೇರಿಗೆ ಅರ್ಜಿ ಹಿಡಿದು ಅಲೆಯುವುದರಲ್ಲಿ ಸುರಿಸಿದರು. ಮೇಷ್ಟರ ಸಂಬಳದ ಚಿಂತೆ ಆ ಶಾಲೆಗಿಲ್ಲ, ಡೊನೇಷನ್ ಕೇಳುವ ಪ್ರಮೇಯವೂ ಇಲ್ಲ.

ಕೊಪ್ಪಳ ತಾಲ್ಲೂಕಿನ ಕುಣಿಕೇರಿಯ ಹುಚ್ಚಮ್ಮ ಚೌದ್ರಿ ತಮಗಿದ್ದ ಎರಡು ಎಕರೆಯನ್ನು ಊರ ಸರ್ಕಾರಿ ಶಾಲೆಗೆ ಬಿಟ್ಟುಕೊಟ್ಟು, ಅದೇ ಶಾಲೆಯಲ್ಲಿ ಬಿಸಿಯೂಟದ ಅಡುಗೆ ಕೆಲಸ ಮಾಡಿದವರು. ಜಾಗ ಕೊಟ್ಟವರು ಆ ಜಾಗದ ಕಟ್ಟಡದ ಉದ್ಘಾಟನೆಗೆ ಕಾರಿನಲ್ಲಿ ಬರುವುದನ್ನು ನೋಡಿದ್ದೇವೆ. ಒಲೆಯ ಮುಂದೆ ಕೂತವರನ್ನು ನೋಡಿದ್ದು ಕಡಿಮೆ.

ಇಂಥ ಜಮೀನುದಾನದ ಮೇಲೆಯೇ ನಮ್ಮ ಹಳ್ಳಿಗಳ ಅಸಂಖ್ಯ ಸರ್ಕಾರಿ ಶಾಲೆಗಳು ನಿಂತಿವೆ, ಮತ್ತು ಅವುಗಳಲ್ಲಿ ಬಹಳಷ್ಟು ಬಾಯಿಮಾತಿನ ದಾನ. ಗೌಡರೋ ಶಾನುಭೋಗರೋ ‘ಇಲ್ಲಿಂದ ಆ ಹುಣಸೆಮರದ ತನಕ ಶಾಲೆಗಿರಲಿ’ ಎಂದರು, ಊರವರು ಕಲ್ಲು ಹೊತ್ತರು, ಶಾಲೆ ಎದ್ದಿತು. ಕಾನೂನಿಗೆ ಹುಣಸೆಮರ ಗೊತ್ತಿಲ್ಲ. ಸ್ಥಿರಾಸ್ತಿಯ ದಾನವೆಂದರೆ ಇಬ್ಬರು ಸಾಕ್ಷಿಗಳ ಸಹಿಯಿರುವ, ನೋಂದಣಿಯಾದ ದಾನಪತ್ರ. ಅದಿಲ್ಲದ ಕಡೆ, ಪಕ್ಕದಲ್ಲಿ ಹೆದ್ದಾರಿ ಬಂದು ಜಾಗಕ್ಕೆ ಬೆಲೆ ಏರಿದಾಗ, ಮೊಮ್ಮಕ್ಕಳು ಶಾಲೆಯ ಗೇಟಿಗೆ ಬೀಗ ಹಾಕಿದ ಸುದ್ದಿ ಪತ್ರಿಕೆಯ ಜಿಲ್ಲಾ ಪುಟದಲ್ಲಿ ಬರುತ್ತಲೇ ಇರುತ್ತದೆ. ಅವರನ್ನು ದುರುಳರೆಂದು ಬೈದು ಪ್ರಯೋಜನವಿಲ್ಲ, ದಾಖಲೆ ಅವರ ಕಡೆಗಿದೆ.

ನಿಮ್ಮೂರ ಶಾಲೆಗೆ ಏನಾದರೂ ಕೊಡುವ ಮನಸ್ಸಿದ್ದರೆ ಪ್ರೊಜೆಕ್ಟರು, ಬಣ್ಣ, ಬ್ಯಾಗುಗಳಿಗಿಂತ ಮೊದಲು ನಾಡಕಚೇರಿಗೆ ಹೋಗಿ ಆ ಸರ್ವೆ ನಂಬರಿನ ಪಹಣಿ ತೆಗೆಸಿ. ಕೆಲವೇ ರೂಪಾಯಿಯ ಖರ್ಚು. ಒಂಬತ್ತನೇ ಕಾಲಂನಲ್ಲಿ ಇಲಾಖೆಯ ಅಥವಾ ಶಾಲೆಯ ಹೆಸರಿದೆಯೋ, ಐವತ್ತು ವರ್ಷದ ಹಿಂದೆ ಹುಣಸೆಮರ ತೋರಿಸಿದ ಅಜ್ಜನ ಹೆಸರೇ ಇದೆಯೋ ನೋಡಿ. ಅಜ್ಜನ ಹೆಸರಿದ್ದರೆ ಶಾಲಾಭಿವೃದ್ಧಿ ಸಮಿತಿಯ (ಎಸ್‌ಡಿಎಂಸಿ) ಅಧ್ಯಕ್ಷರನ್ನೂ ಮುಖ್ಯೋಪಾಧ್ಯಾಯರನ್ನೂ ಕರೆದುಕೊಂಡು ಅಜ್ಜನ ಮಕ್ಕಳ ಮನೆಗೆ ಹೋಗಿ, ಹೆದ್ದಾರಿ ಬರುವ ಮುಂಚೆ.